ಪಾಸ್‌ಪೋರ್ಟ್‌ನಲ್ಲಿ ಹೆಸರು, ಹುಟ್ಟಿದ ತಾರೀಕು ತಪ್ಪಿದೆಯಾ? ವಕೀಲರನ್ನು ಕೇಳಿ

ಕೇಶ್ವಾಪುರದವರು: ನಮಸ್ಕಾರ ಮೇಡಂ. ಪಾಸ್‌ಪೋರ್ಟ್‌ನಲ್ಲಿ ಅಪ್ಪನ ಹೆಸರಿನ ಒಂದು ಅಕ್ಷರ ತಪ್ಪಿದೆ. ಏನು ಮಾಡಬೇಕು?

ವಕೀಲರು, ಧಾರವಾಡ: ನಮಸ್ಕಾರ. ಇದ್ದ ಪುಸ್ತಕದಲ್ಲೇ ತಿದ್ದಿ ಕೊಡುವುದಿಲ್ಲ. ರೀ-ಇಶ್ಯೂಗೆ ಅರ್ಜಿ ಹಾಕಿ, ಹೊಸ ಪುಸ್ತಕ ಬರುತ್ತದೆ. 36 ಪುಟದ್ದಕ್ಕೆ 1,500 ರೂಪಾಯಿ. ಅಪ್ಪನ ಹೆಸರು ಸರಿಯಿರುವ ಮೂಲ ದಾಖಲೆ ಹಿಡಿದು ಹುಬ್ಬಳ್ಳಿ ಸೇವಾ ಕೇಂದ್ರಕ್ಕೆ ಹೋಗಿ. ಕೋರ್ಟು ಬೇಕಿಲ್ಲ.

ನವನಗರದವರು: ಮದುವೆಯಾದ ಮೇಲೆ ಅಡ್ಡಹೆಸರು ಬದಲಿಸಲೇಬೇಕಾ?

ವಕೀಲರು: ಬೇಕಿಲ್ಲ.

ರೋಣದವರು: ಮೇಡಂ, ಪಾಸ್‌ಪೋರ್ಟ್, ಎಸ್ಸೆಸ್ಸೆಲ್ಸಿ, ಆಧಾರ್ ಎಲ್ಲದರಲ್ಲೂ ನನ್ನದು ಜೂನ್ 1, 1984. ಸಾಲಿಗೆ ಹಾಕುವಾಗ ಮಾಸ್ತರು ಬರೆದದ್ದು. ಈಗ ತಾಲ್ಲೂಕು ಕಚೇರಿಯಲ್ಲಿ ಜನನ ದಾಖಲೆ ತೆಗೆಸಿದೆ. ಅದರಲ್ಲಿ 1985ರ ಸೆಪ್ಟೆಂಬರ್ ಇದೆ. ಅಪ್ಪ, ಅವ್ವನ ಹೆಸರು ಸರಿ. ಮಗುವಿನ ಹೆಸರಿನ ಜಾಗ ಖಾಲಿ. ಇದನ್ನು ಕೊಟ್ಟರೆ ಆಗುತ್ತದಾ?

ಬ್ಯಾಡಗಿಯವರು: ಅಣ್ಣಾ, ಹಳೇ ಪಾಸ್‌ಪೋರ್ಟ್ ಇದೆ ಅಂತ ಹೇಳಬೇಡಿ. ಸುಮ್ನೆ ಹೊಸದಕ್ಕೆ ಅರ್ಜಿ ಹಾಕಿ. ಒಂದು ಮೆಸೇಜ್ ಬಂದಿತ್ತು, ಕಳಿಸುತ್ತೇನೆ.

ವಕೀಲರು: ಕಳಿಸಬೇಡಿ. ಹಳೆಯದನ್ನು ಮುಚ್ಚಿಟ್ಟು ಅರ್ಜಿ ಹಾಕುವುದು ಪಾಸ್‌ಪೋರ್ಟ್ ಕಾಯ್ದೆ 1967ರ 12ನೇ ಕಲಂ ಪ್ರಕಾರ ಅಪರಾಧ. ಎರಡು ವರ್ಷದವರೆಗೆ ಜೈಲು, 5,000 ರೂಪಾಯಿವರೆಗೆ ದಂಡ. ಮೆಸೇಜ್ ಬರೆದವನು ನಿಮ್ಮ ಜೊತೆ ಕಟಕಟೆಗೆ ಬರುವುದಿಲ್ಲ.

ರೋಣದವರೇ, ಚಿಂತೆಯಾಗಿರುವುದು ನಿಮ್ಮ ವಿಷಯ. ಹೆಸರಿಲ್ಲದ ಆ ನಮೂದು ನಿಮ್ಮದೇ ಅಂತ ಹೇಗೆ ಹೇಳುತ್ತೀರಿ? ನಿಮ್ಮ ಹಿಂದೆ ಮುಂದೆ ಹುಟ್ಟಿ ತೀರಿಕೊಂಡ ಮಗು ಇತ್ತಾ? ಅವ್ವನನ್ನು ಕೇಳಿ. 1984ರ ರಿಜಿಸ್ಟರನ್ನೂ ಹುಡುಕಿಸಿ. ನಮೂದು ನಿಮ್ಮದೇ ಇರಲಿ, ಎರಡರಲ್ಲಿ ಯಾವ ತಾರೀಕು ನಿಜ ಅಂತ ತೀರ್ಪು ಕೊಡುವುದು ಪಾಸ್‌ಪೋರ್ಟ್ ಅಧಿಕಾರಿಯ ಕೆಲಸವಲ್ಲ. ಸಿವಿಲ್ ಕೋರ್ಟಿನಲ್ಲಿ ಘೋಷಣೆಯ ದಾವೆ ಹಾಕಬೇಕು, ಅಂದರೆ ನಿಜವಾದ ತಾರೀಕು ಇದೇ ಅಂತ ಕೋರ್ಟೇ ಹೇಳಲಿ ಅಂತ ಕೇಳುವುದು. ಸರ್ಕಾರ ಪ್ರತಿವಾದಿ ಆಗುವುದರಿಂದ ಸಾಮಾನ್ಯವಾಗಿ ಎರಡು ತಿಂಗಳ ನೋಟಿಸು ಮೊದಲು. ಡಿಕ್ರಿ (ಕೋರ್ಟಿನ ತೀರ್ಪಿನ ಆದೇಶ) ಸಿಕ್ಕರೆ ಎಸ್ಸೆಸ್ಸೆಲ್ಸಿ ಅಂಕಪಟ್ಟಿ ತಿದ್ದಿಸಿ, ಆಮೇಲೆ ಪಾಸ್‌ಪೋರ್ಟ್. ಪಾಸ್‌ಪೋರ್ಟ್ ಕಚೇರಿಯವರು ಇಲ್ಲ ಅಂದರೆ ಧಾರವಾಡ ಹೈಕೋರ್ಟ್ ಪೀಠದಲ್ಲಿ ರಿಟ್, ಅಂದರೆ ಅವರಿಗೆ ಆದೇಶ ಕೊಡಿ ಅಂತ ಕೇಳುವ ಅರ್ಜಿ. ಆದರೆ ಎಲ್ಲ ಕಡೆ ಒಂದೇ ತಾರೀಕು ಇರುವಾಗ ಇದನ್ನು ಈಗ ಯಾಕೆ ಕೆದಕುತ್ತಿದ್ದೀರಿ? ನೌಕರಿ, ನಿವೃತ್ತಿಯ ಲೆಕ್ಕವಾ? ಕೋರ್ಟೂ ಅದನ್ನೇ ಕೇಳುತ್ತದೆ.

ಗದಗದವರು: ತಪ್ಪೆಲ್ಲ ಆ ಮಾಸ್ತರರದ್ದು. ಇಡೀ ಊರಿಗೆ ಜೂನ್ ಒಂದು ಬರೆದು ಕೂತರು.

ಬ್ಯಾಡಗಿಯವರು: ನಮ್ಮಪ್ಪನೂ ಮಾಸ್ತರು. ತಾರೀಕು ಗೊತ್ತಿಲ್ಲದೆ ಬಂದವರು ನಿಮ್ಮ ಹಿರಿಯರು.

ಗದಗದವರು: ಹಿರಿಯರ ಸುದ್ದಿ ಬೇಡ. ನಿಮ್ಮ ಮೆಸೇಜ್ ನಂಬಿದ್ದರೆ ಆ ಅಣ್ಣ ಜೈಲಿಗೆ ಹೋಗುತ್ತಿದ್ದರು.

ಹಾವೇರಿಯವರು: ಮೇಡಂ, ಅಪ್ಪನ ಹೆಸರಿನಲ್ಲಿ ಅಕ್ಷರ ತಪ್ಪಿದೆ, ಏನು ಮಾಡಬೇಕು?

ವಕೀಲರು: ಮೇಲೆ ಓದಿ.

ಹಾವೇರಿಯವರು: ನೂರು ರೂಪಾಯಿ ಬಾಂಡ್ ಮೇಲೆ ಅಫಿಡವಿಟ್ ಮಾಡಿಸಿದರೆ ಎಲ್ಲ ಆಗುತ್ತದೆ ಅಂತಾರಲ್ಲ?

ವಕೀಲರು: ಅಂದವರ ಹತ್ತಿರವೇ ಪಾಸ್‌ಪೋರ್ಟ್ ಕೇಳಿ.

ವಿದ್ಯಾನಗರದವರು: ನನ್ನ ದುಬೈ ವೀಸಾ ಹಳೇ ಪುಸ್ತಕದಲ್ಲಿದೆ. ಹೆಸರು ತಿದ್ದಿಸಿದರೆ ಅದಕ್ಕೇನಾಗುತ್ತದೆ?

ಗದಗದವರು: ರೋಣದಲ್ಲಿ ಹುಟ್ಟಿದಾಗ ಅದು ಧಾರವಾಡ ಜಿಲ್ಲೆ. 1997ರಲ್ಲಿ ಗದಗ ಜಿಲ್ಲೆ ಆಯಿತು. ಹುಟ್ಟಿದ ಸ್ಥಳವನ್ನೂ ತಿದ್ದಿಸಬೇಕಲ್ವಾ?

ವಕೀಲರು: ಊರು ರೋಣವೇ ಅಲ್ವಾ? ಹೊಸ ಕೆಲಸ ಹುಟ್ಟಿಸಬೇಡಿ.

ನವನಗರದವರು: ಮಗು 2024ರಲ್ಲಿ ಹುಟ್ಟಿದೆ. ಹುಟ್ಟಿದ ತಾರೀಕಿಗೆ ಆಧಾರ್ ಕೊಡಬಹುದಾ?

ವಕೀಲರು: ಇಲ್ಲ. 2023ರ ಅಕ್ಟೋಬರ್ 1ರಿಂದ ಹುಟ್ಟಿದವರಿಗೆ ಜನನ ಪ್ರಮಾಣಪತ್ರ ಒಂದೇ.

ರೋಣದವರು: ಮೇಡಂ, ಅವ್ವನನ್ನು ಕೇಳಿದೆ. ನನ್ನ ಬೆನ್ನಿಗೆ ಒಬ್ಬ ತಮ್ಮ ಹುಟ್ಟಿದ್ದನಂತೆ, ಉಳಿಯಲಿಲ್ಲ.

ವಕೀಲರು: ಹಾಗಾದರೆ ಆ ನಮೂದಿಗೆ ನಿಮ್ಮ ಹೆಸರು ಸೇರಿಸಲು ಹೋಗಲೇಬೇಡಿ. ಮೊದಲು 1984ರದ್ದು ಹುಡುಕಿಸಿ, ನಕಲು ಹಿಡಿದು ಆಫೀಸಿಗೆ ಬನ್ನಿ.

ಬ್ಯಾಡಗಿಯವರು: ಯಾರು ಜೈಲಿಗೆ ಹೋಗುತ್ತಿದ್ದರು? ಸಹಾಯ ಮಾಡಲು ಬಂದರೆ ಇದೇನಾ ಮರ್ಯಾದೆ?

ವಿದ್ಯಾನಗರದವರು: ಮೇಡಂ, ನನ್ನ ವೀಸಾ?