ತಲೆಯಿಲ್ಲದ ಸವಾರ ದುರ್ಗದ ಸೀಮೆಗೆ ಬಂದರೆ: ಕಥೆ, ವೇಷ, ಕುಂಬಳಕಾಯಿ

ಹಗಲುವೇಷ_ದಾವಣಗೆರೆ:

ವಾಷಿಂಗ್ಟನ್ ಇರ್ವಿಂಗ್ ಅವರ ಸ್ಲೀಪಿ ಹಾಲೋ ಕಥೆಯನ್ನು 50 ನಿಮಿಷದ ಕನ್ನಡ ನಾಟಕ ಮಾಡುತ್ತಿದ್ದೇವೆ. ಮೊದಲ ಪ್ರದರ್ಶನ ದಾವಣಗೆರೆಯಲ್ಲಿ, ರಂಗಮಂದಿರದ ಒಳಗೆ. ಆಮೇಲೆ ಚಿತ್ರದುರ್ಗ ತಾಲ್ಲೂಕಿನ ಎರಡು ಹಳ್ಳಿಗಳಲ್ಲಿ, ಬಯಲಲ್ಲಿ. ಕಥೆ ಕೋಟೆ ಸೀಮೆಯಲ್ಲೇ ನಡೆಯಬೇಕೆಂದು ಆಸೆ. 1999ರ ಸಿನಿಮಾದ ಜಾಡು ಹಿಡಿಯಬೇಕೋ, ಮೂಲ ಕಥೆಯದ್ದೋ? ನಿಜವಾದ ಕುದುರೆ ತರುವ ಮಾತಿಲ್ಲ. ಹಾಗಿದ್ದರೆ ರುಂಡವಿಲ್ಲದ ಸವಾರನನ್ನು ನಂಬುವ ಹಾಗೆ ತೋರಿಸುವುದು ಹೇಗೆ? ತಿಳಿದವರು ಅಳತೆ ಸಮೇತ ಹೇಳಿದರೆ ಉಪಕಾರ.

ಕಂದೀಲು:

ಮೂಲವನ್ನೇ ಹಿಡಿಯಿರಿ ಸರ್. 1820ರಲ್ಲಿ ಅಚ್ಚಾದ ಆ ಕಥೆಯಲ್ಲಿ ದೆವ್ವ ಇದೆ ಅಂತ ಇರ್ವಿಂಗ್ ಒಪ್ಪಿಕೊಳ್ಳುವುದಿಲ್ಲ, ಇಲ್ಲ ಅಂತಲೂ ಅನ್ನುವುದಿಲ್ಲ. ತಲೆಯಿಲ್ಲದ ಸವಾರ ಬೆನ್ನಟ್ಟಿದ ರಾತ್ರಿಯ ನಂತರ ಮೇಷ್ಟ್ರು ಇಕಬಾಡ್ ಕ್ರೇನ್ ಊರಿಗೆ ಕಾಣಿಸುವುದಿಲ್ಲ. ಮಾರನೇ ದಿನ ಹಳ್ಳದ ಹತ್ತಿರ ಅವನ ಟೋಪಿ, ಪಕ್ಕದಲ್ಲಿ ಒಡೆದು ಚೂರಾದ ಕುಂಬಳಕಾಯಿ. ಮೇಷ್ಟ್ರು ಆಸೆಪಟ್ಟಿದ್ದ ಕತ್ರೀನಾಳನ್ನು ಮದುವೆಯಾದ ಅವನ ಎದುರಾಳಿ ಬ್ರಾಮ್ ಬೋನ್ಸ್ ಕುಂಬಳಕಾಯಿಯ ಮಾತು ಬಂದಾಗಲೆಲ್ಲ ಗಹಗಹಿಸಿ ನಗುತ್ತಾನೆ. ಸುಳಿವು ಅಷ್ಟೇ. ಊರಿನ ಮುದುಕಿಯರು ಮಾತ್ರ ಮೇಷ್ಟ್ರನ್ನು ದೆವ್ವವೇ ಹೊತ್ತುಕೊಂಡು ಹೋಯಿತು ಅನ್ನುವುದನ್ನು ಬಿಡುವುದಿಲ್ಲ.

ಹೊಸಬರು ಈ ಅನುಮಾನವನ್ನೇ ಕಿತ್ತುಹಾಕಿದ್ದಾರೆ. ಟಿಮ್ ಬರ್ಟನ್ ಅವರ 1999ರ ಚಿತ್ರದಲ್ಲಿ ಮೇಷ್ಟ್ರು ಪೊಲೀಸಿನವನಾದ. ಸವಾರ ನಿಜವಾದ ಪ್ರೇತ, ಅವನ ಬುರುಡೆ ಯಾರ ಕೈಲಿದೆಯೋ ಅವರು ಹೇಳಿದವರ ತಲೆ ತೆಗೆಯುತ್ತಾನೆ. 2013ರಿಂದ 2017ರವರೆಗೆ ಬಂದ ಟಿವಿ ಸರಣಿಯಲ್ಲಿ ಇಕಬಾಡ್ ಸೈನಿಕ, ಈ ಕಾಲದಲ್ಲಿ ಕಣ್ಣು ಬಿಡುತ್ತಾನೆ. ತೆರೆಗೆ ಅದು ಸರಿ. ರಂಗಕ್ಕೆ ಅನುಮಾನವೇ ಬಂಡವಾಳ. ಕಾಪಿರೈಟ್ ಲೆಕ್ಕವೂ ಇದೆ: ಇರ್ವಿಂಗ್ ತೀರಿಕೊಂಡದ್ದು 1859ರಲ್ಲಿ, ನಮ್ಮ ಕಾಯ್ದೆಯಲ್ಲಿ ಲೇಖಕರು ಹೋಗಿ 60 ವರ್ಷ ಕಳೆದರೆ ಕೃತಿ ಎಲ್ಲರದು. ಮೂಲ ಇಂಗ್ಲಿಷಿನಿಂದ ನೀವೇ ಬರೆದುಕೊಂಡರೆ ಯಾರನ್ನೂ ಕೇಳಬೇಕಿಲ್ಲ. ಬೇರೆಯವರ ಅನುವಾದ ಎತ್ತಿಕೊಂಡರೆ, ಸಿನಿಮಾದ ಬುರುಡೆ ತಂದರೆ, ಕೇಳಬೇಕಾಗುತ್ತದೆ. ಕಣ್ಣು ಬಾಯಿ ಕೊರೆದು ಒಳಗೆ ದೀಪ ಇಟ್ಟ ಕುಂಬಳಕಾಯಿಯೂ ಮೂಲದ್ದಲ್ಲ, ಆಮೇಲೆ ಸೇರಿಕೊಂಡದ್ದು.

ದುರ್ಗಕ್ಕೆ ಕಥೆ ಎಷ್ಟು ಚೆನ್ನಾಗಿ ಕೂರುತ್ತದೆ ನೋಡಿ. ಅಲ್ಲಿ ಕಥೆಯ ಕಾಲ ಹೆಚ್ಚುಕಡಿಮೆ 1790, ಅಮೆರಿಕದ ಸ್ವಾತಂತ್ರ್ಯ ಯುದ್ಧ ಮುಗಿದು ಕೆಲವೇ ವರ್ಷ. ಇಲ್ಲಿ ಕೋಟೆ ಹೈದರಾಲಿಯ ಕೈಸೇರಿದ್ದು 1779ರಲ್ಲಿ. ಅದೇ 1790 ಇಟ್ಟುಕೊಂಡರೂ ಊರಿನಲ್ಲಿ ಮುತ್ತಿಗೆ ಕಂಡವರು ಬದುಕಿರುತ್ತಾರೆ. ಇಕಬಾಡ್ ಊರವರ ಮನೆಗಳಲ್ಲಿ ಸರದಿಯ ಮೇಲೆ, ಒಂದೊಂದು ವಾರ ಉಂಡು ಮಲಗುವವನು, ಜೊತೆಗೆ ಹಾಡು ಕಲಿಸುವವನು. ವಾರಾನ್ನದ ಮೇಲೆ ಬದುಕುವ ಕೂಲಿಮಠದ ಐಗಳು ಅಂದರೆ ಒಂದು ಮಾತೂ ವಿವರಿಸಬೇಕಿಲ್ಲ. ಸವಾರ ಯಾರ ಪಡೆಯವನು ಅಂತ ಮಾತ್ರ ಹೇಳಬೇಡಿ. ಮೂಲದಲ್ಲಿ ಅವನು ಯಾವುದೋ ಹೆಸರಿಲ್ಲದ ಕಾಳಗದಲ್ಲಿ ತೋಪಿನ ಗುಂಡಿಗೆ ತಲೆ ಕಳೆದುಕೊಂಡ ಹೆಸ್ಸಿಯನ್ ಸಿಪಾಯಿ, ಜರ್ಮನಿಯ ಕಡೆಯಿಂದ ಬಾಡಿಗೆಗೆ ಬಂದವನು. ಆ ಹೆಸರಿಲ್ಲದಿರುವಿಕೆಯನ್ನು ಹಾಗೇ ಉಳಿಸಿ. ನಾಯಕರ ಕಡೆ, ಹೈದರನ ಕಡೆ ಎಂದ ಕೂಡಲೇ ಜನ ದೆವ್ವ ಬಿಟ್ಟು ಚರಿತ್ರೆಯ ಜಗಳಕ್ಕೆ ನಿಲ್ಲುತ್ತಾರೆ.

ಇನ್ನು ಕುಂಬಳಕಾಯಿ. ಇದರಲ್ಲೇ ನಿಮ್ಮ ನಾಟಕ ಗೆಲ್ಲಬೇಕು. ನಮ್ಮಲ್ಲಿ ಅಮಾವಾಸ್ಯೆ ಕಳೆದ ಬೆಳಗ್ಗೆ ದಾರಿಯಲ್ಲಿ ಒಡೆದ ಬೂದುಗುಂಬಳ ಬಿದ್ದಿದ್ದರೆ ಯಾರೂ ಯಾಕೆಂದು ಕೇಳುವುದಿಲ್ಲ. ದೃಷ್ಟಿ ತೆಗೆದದ್ದು ಅಂದುಕೊಂಡು, ತುಳಿಯದೆ ಸುತ್ತಿ ಹೋಗುತ್ತಾರೆ. ಅಮೆರಿಕದ ಹಳ್ಳಿಯಲ್ಲಿ ಗುಟ್ಟು ಬಿಟ್ಟುಕೊಡುವ ಕಾಯಿ ಇಲ್ಲಿ ಗುಟ್ಟನ್ನು ಮುಚ್ಚುತ್ತದೆ. ಬೆನ್ನಟ್ಟುವ ರಾತ್ರಿಯನ್ನು ಅಮಾವಾಸ್ಯೆಗೇ ಇಡಿ. ಬೆಳಗ್ಗೆ ಐಗಳ ಹತ್ತಿರ ಓದುವ ಹುಡುಗನೊಬ್ಬ ‘ಇದಕ್ಕೆ ಕುಂಕುಮನೇ ಹಚ್ಚಿಲ್ಲ’ ಅನ್ನಲಿ. ಯಾರೂ ಕಿವಿಗೆ ಹಾಕಿಕೊಳ್ಳದಿರಲಿ.

ಬಿದಿರುಬುಟ್ಟಿ:

ಕುದುರೆಗೆ ಕೀಲುಕುದುರೆ, ಅಂದ್ರೆ ನಟನ ಮೈಗೆ ಕಟ್ಟೋ ಬೊಂಬೆ ಕುದುರೆ, ಕಟ್ಟ್ರಿ. ಜಾತ್ರೆಯ ಬಣ್ಣ, ಕನ್ನಡಿ ಚೂರು ಏನೂ ಬೇಡ, ಪೂರಾ ಮಸಿಗಪ್ಪು. ಮರಗಾಲು ಬೇಡವೇ ಬೇಡ; ಸವಾರನಿಗೆ ಎದುರಿನದು ಅರ್ಧ ಕಾಣುತ್ತೆ, ಬಿದ್ದರೆ ಮುಖ ಒಡೆಯುತ್ತೆ.

ನಟ 5 ಅಡಿ 3 ಇಂಚು ಮೀರದವನು ಇರಲಿ. ಹೆಗಲಿಂದ ನೆತ್ತಿಗೆ ಸುಮಾರು 12 ಇಂಚು, ಅದಕ್ಕೆ ನಟನ ತಲೆ ಒಳಗೆ ಅಡಗಿಸೋ ಸುಳ್ಳು ಹೆಗಲು ನಿಜವಾದ ಹೆಗಲಿಗಿಂತ 13 ಇಂಚು ಮೇಲೆ ಕೂರಬೇಕು. ಅರ್ಧ ಇಂಚಿನ ಪಿವಿಸಿ ಪೈಪು ಸಾಕು: ನಿಲ್ಲಿಸೋಕೆ 30 ಇಂಚಿನವು ಎರಡು, ಮೇಲೆ ಅಡ್ಡಕ್ಕೆ 16 ಇಂಚಿನದು ಒಂದು, ಬೆನ್ನಿನ ಮಧ್ಯ 12 ಇಂಚಿನದು ಒಂದು. ಹಳೇ ಸ್ಕೂಲ್ ಬ್ಯಾಗಿನ ಪಟ್ಟಿ ಇದಕ್ಕೆ ಹೊಲಿಸಿ, ಸೊಂಟಕ್ಕೂ ಒಂದು ಬಟ್ಟೆ ಪಟ್ಟಿ ಬಿಗಿಯಿರಿ. ಸೊಂಟದ ಪಟ್ಟಿ ಬಿಟ್ಟರೆ ನಟ ಬಗ್ಗಿದ ಕೂಡಲೇ ಚೌಕಟ್ಟು ಮುಂದಕ್ಕೆ ವಾಲುತ್ತೆ. ಮೊದಲು ಅಂಟಿಲ್ಲದೆ ಜೋಡಿಸಿ, ಹಾಕಿ ನಡೆದು ನೋಡಿ, ಆಮೇಲೆ ಸೊಲ್ಯೂಷನ್ ಹಚ್ಚಿ. ಅಂಟಿಸದ ಕೀಲು ಓಡುವಾಗ ತಿರುಗಿ ಒಂದು ಹೆಗಲು ಇಳಿದುಬಿಡುತ್ತೆ. ಹೆಗಲ ತುದಿಗೆ 1 ಇಂಚಿನ ಸ್ಪಂಜು. ಕೊರಳ ಜಾಗಕ್ಕೆ 4 ಇಂಚು ಎತ್ತರದ ರಟ್ಟಿನ ಪಟ್ಟಿ, ಒಳಗೆ ಕರಿ ಬಟ್ಟೆ. ರಕ್ತ ಬಳಿಯಬೇಡಿ, ಬರೀ ಕತ್ತಲ ತೂತು ಹೆಚ್ಚು ಹೆದರಿಸುತ್ತೆ.

ಮೇಲೆ ಹೊದಿಸೋಕೆ ಚಳ್ಳಕೆರೆಯ ಕರಿ ಕಂಬಳಿಗಿಂತ ಒಳ್ಳೇದು ಸಿಗಲ್ಲ. ಒರಟು ಉಣ್ಣೆ ಬೆಳಕನ್ನು ನುಂಗುತ್ತೆ. ಪಾಲಿಯೆಸ್ಟರ್, ಸ್ಯಾಟಿನ್ ನೀಲಿ ದೀಪದಲ್ಲಿ ಮಿಂಚಿ, ಒಳಗಿನ ತಲೆಯ ಉಬ್ಬನ್ನು ಎತ್ತಿ ತೋರಿಸುತ್ತೆ. ಪೂರ್ತಿ ಕಂಬಳಿ ಭಾರ. ಮೊಣಕೈ ಮುಚ್ಚುವಷ್ಟು ಕತ್ತರಿಸಿ. ಎಲ್ಲಾ ಸೇರಿ 4 ಕೆಜಿ ದಾಟಬಾರದು. ನಟನ ಕಣ್ಣಿನ ನೇರಕ್ಕೆ 6 ಇಂಚು ಅಗಲ, 4 ಇಂಚು ಎತ್ತರ ಕತ್ತರಿಸಿ ಕರಿ ಸೊಳ್ಳೆಪರದೆ ಒಂದೇ ಪದರ ಹೊಲಿಯಿರಿ. ಎರಡು ಪದರ ಹಾಕಿದರೆ ಕತ್ತಲಲ್ಲಿ ಏನೂ ಕಾಣಲ್ಲ. ಮುಖಕ್ಕೆ ಕರಿ ಬಣ್ಣ.

ಎಲ್ಲರೂ ತಪ್ಪೋದು ಇಲ್ಲಿ: ಹೆಗಲು ಒಂದಡಿ ಮೇಲೆ ಹೋದಾಗ ಮುಂಡ ಉದ್ದ ಆಗಿ, ಕೈ ಗಿಡ್ಡ ಕಾಣುತ್ತೆ. ಸೊಂಟದಿಂದ ಸುಳ್ಳು ಹೆಗಲಿಗೆ 30 ಇಂಚು. ಮನುಷ್ಯನ ಹಾಗೆ ಕಾಣಬೇಕಂದ್ರೆ 22 ಇರಬೇಕು. ಅದಕ್ಕೆ ಕುದುರೆಯನ್ನ ಸೊಂಟಕ್ಕೆ ಕಟ್ಟದೆ 8 ಇಂಚು ಮೇಲೆ, ಪಕ್ಕೆಲುಬಿಗೆ ಕಟ್ಟಿ. ಕೈ ಎರಡೂ ಕಂಬಳಿ ಒಳಗಿಂದ ಲಗಾಮಿಗೆ ಬರಲಿ, ಮುಂಗೈ ಮಾತ್ರ ಹೊರಗೆ. 8 ನಿಮಿಷಕ್ಕಿಂತ ಹೆಚ್ಚು ಒಳಗೆ ಇರಿಸಬೇಡಿ, ಉಸಿರು ಕಟ್ಟುತ್ತೆ.

ಹಗಲುವೇಷ_ದಾವಣಗೆರೆ:

ಕುಂಕುಮದ ಮಾತು ನಾಟಕಕ್ಕೆ ಸೇರಿಹೋಯಿತು, ಇಬ್ಬರಿಗೂ ನಮಸ್ಕಾರ. ಬಯಲಲ್ಲಿ ಹೊಗೆ ಯಂತ್ರ ನಡೆಯುತ್ತದೆಯೇ? ಎಸೆಯುವ ತಲೆಗೆ ನಿಜವಾದ ಕಾಯಿ ಬಳಸಬಹುದೇ?

ನೇಪಥ್ಯ_ದುರ್ಗ:

ಬಯಲಿಗೆ ಹೊಗೆ ಬೇಡ. ನಮ್ಮ ಗಾಳಿಗೆ ಅದು ಪ್ರೇಕ್ಷಕರ ಕಡೆಗೇ ಹೋಗುತ್ತದೆ. ಬೆಳಕೇ ಸಾಕು. ಎದುರಿನ ದೀಪ ಪೂರ್ತಿ ಆರಿಸಿ, ಎರಡೂ ಪಕ್ಕದಿಂದ ಸೊಂಟದೆತ್ತರದಲ್ಲಿ ಒಂದೊಂದು ನೀಲಿ ಎಲ್‌ಇಡಿ ಪಾರ್ (ರಂಗದ ದೀಪ), ಹಿಂದೆ ಒಂದು. ಎದುರಿನಿಂದ ಬೆಳಕು ಬಿತ್ತೋ, ಸೊಳ್ಳೆಪರದೆಯ ಹಿಂದಿನ ನಟನ ಕಣ್ಣು ಮಿನುಗುತ್ತದೆ. ಸವಾರ ಒಟ್ಟು ಒಂದೂವರೆ ನಿಮಿಷ ಕಂಡರೆ ಹೆಚ್ಚು.

ನಿಜವಾದ ಕಾಯಿಯನ್ನು ಎಸೆಯಲೇಬಾರದು. 4–5 ಕೆಜಿ ಕಾಯಿ ತಗುಲಿದರೆ ನಟನ ಗತಿಯೇನು? ಕಾಗದದ್ದು ಮಾಡಿ. ಬಲೂನನ್ನು 10 ಇಂಚಿಗೆ ಊದಿ. 1 ಲೋಟ ಮೈದಾಕ್ಕೆ 5 ಲೋಟ ನೀರು ಹಾಕಿ ಕುದಿಸಿದ ಅಂಟಿನಲ್ಲಿ ಪತ್ರಿಕೆಯ ಚೂರು ಅದ್ದಿ ಆರು ಪದರ ಹಚ್ಚಿ. ಒಮ್ಮೆಗೆ ಎರಡೇ ಪದರ, ನಡುವೆ ಒಂದು ದಿನ ಒಣಗಬೇಕು. ಅವಸರ ಮಾಡಿದರೆ ಒಳಪದರ ಹಸಿಯಾಗೇ ಉಳಿದು ಬೂಸ್ಟು ಹಿಡಿಯುತ್ತದೆ. ಬಿಸಿಲಿಗೆ ಇಡಬೇಡಿ: ಬಲೂನಿನ ಗಾಳಿ ಹಿಗ್ಗಿ ಹಸಿ ಕಾಗದವನ್ನು ಸೀಳುತ್ತದೆ. ಗಾಳಿಯಾಡುವ ನೆರಳಲ್ಲಿ ತೂಗುಹಾಕಿ. ಬಣ್ಣ ಬೂದುಗುಂಬಳದ್ದೇ ಇರಲಿ, ಹಸಿರಿನ ಮೇಲೆ ಬೂದಿಬಿಳಿ. ನೀಲಿ ಬೆಳಕಲ್ಲಿ ಅದು ಬುರುಡೆಯಂತೆಯೇ ಕಾಣುತ್ತದೆ. ಮೂಲದಲ್ಲಿ ಸವಾರ ತಲೆಯನ್ನು ಜೀನಿನ ಮುಂದೆ ಇಟ್ಟುಕೊಂಡೇ ಬರುತ್ತಾನೆ, ಹಾಗಾಗಿ ಮೊದಲಿಂದಲೂ ಅದು ಕಾಣುತ್ತಿರಲಿ.

ಎಸೆತ ಐಗಳ ಮೇಲಲ್ಲ, ಅವರ ಹಿಂದೆ 4 ಅಡಿ ದೂರಕ್ಕೆ, ಪಕ್ಕದ ಪರದೆಯೊಳಗೆ. ಅಲ್ಲಿ ಇಬ್ಬರು ದುಪ್ಪಟಿ ಹಿಡಿದು ನಿಂತಿರಲಿ. ಕೈಯಿಂದ ಬಿಟ್ಟ ಕ್ಷಣ ಪೂರ್ತಿ ಕತ್ತಲು, ಆಮೇಲೆ ಸದ್ದು. ಬರೀ ಬೂದುಗುಂಬಳ ಬಿದ್ದರೆ ಮಂಕಾಗಿ ‘ದಬ್’ ಅನ್ನುತ್ತದೆ. ಜೊತೆಗೆ ಒಂದು ತೆಂಗಿನಕಾಯಿ ಒಡೆಯಿರಿ. ಆ ಕತ್ತಲಲ್ಲೇ ಬೆಳಗಿನ ದೃಶ್ಯಕ್ಕೆ ನಿಜವಾದ ಕಾಯಿಯ ಹೋಳು ಹರಡಬೇಕು. ತಿರುಳು ಜಾರುತ್ತದೆ, ಕೆಳಗೆ ಗೋಣಿಚೀಲ ಇರಲೇಬೇಕು.

ಗೊರಸಿನ ಸದ್ದಿಗೆ ತೆಂಗಿನ ಚಿಪ್ಪು, ಇಬ್ಬರು, ಎರಡು ಜೊತೆ. ಐಗಳ ಬಡಕಲು ಕುದುರೆಗೆ ಬರಿಯ ಚಿಪ್ಪು, ಸವಾರನದಕ್ಕೆ ಒಳಗೆ ಬಟ್ಟೆ ತುರುಕಿದ ಚಿಪ್ಪು. ಹೆಜ್ಜೆ ನಡಿಗೆಗೆ ನಾಲ್ಕು ಏಟು, ದುಡುಕಿಗೆ ಎರಡು, ಓಟಕ್ಕೆ ಮೂರು. ಇರ್ವಿಂಗ್ ಬರೆದದ್ದನ್ನೇ ಮಾಡಿ: ಇವನು ನಿಧಾನಿಸಿದರೆ ಅವನೂ ನಿಧಾನ, ಇವನು ಓಡಿದರೆ ಅವನೂ ಓಟ. ಐಗಳ ಕುದುರೆ ನಿಂತ ಮೇಲೂ ಎರಡನೆಯದು ಎರಡು ಏಟು ಹೆಚ್ಚು ಬಡಿದು ನಿಲ್ಲಲಿ. ಇಡೀ ದೃಶ್ಯದ ಭಯ ಆ ಎರಡು ಏಟಿನಲ್ಲಿದೆ. ಸೇತುವೆ ಬರುವವರೆಗೆ ಚಿಪ್ಪು ಮಣ್ಣು ತುಂಬಿದ ತಟ್ಟೆಯ ಮೇಲೆ, ಮೈಕು ಒಂದು ಗೇಣು ದೂರ. ಸೇತುವೆ ದಾಟಿದರೆ ಸವಾರನಿಂದ ಪಾರಾದಂತೆ ಎಂಬುದು ಮೂಲದಲ್ಲಿ ಮೇಷ್ಟ್ರ ನಂಬಿಕೆ. ಸೇತುವೆ ಮುಟ್ಟಿದಾಗ ಐಗಳ ಚಿಪ್ಪು ಮಾತ್ರ ಮರದ ಹಲಗೆಗೆ ದಾಟಬೇಕು, ಸವಾರನದು ಮಣ್ಣಿನಲ್ಲೇ ನಿಂತುಬಿಡಲಿ.