ಟಿ10 ಗಾಯ, 4 ತಿಂಗಳು: ಬಲ ಮೊಣಕಾಲು ಕುಸಿಯುತ್ತೆ, ಹಿಮ್ಮಡಿ ಊರುತ್ತಿಲ್ಲ

ಹೊಸ_ಫಿಸಿಯೋ: ನನ್ನ ರೋಗಿಯ ಬೆನ್ನುಹುರಿಗೆ ಟಿ10 (ಎದೆಭಾಗದ ಹತ್ತನೇ) ಮಟ್ಟದ ಅಪೂರ್ಣ ಗಾಯ, ಗ್ರೇಡ್ ಸಿ: ಗಾಯದ ಕೆಳಗೆ ಚಲನೆ ಇದೆ, ಆದರೆ ಅರ್ಧಕ್ಕಿಂತ ಹೆಚ್ಚು ಸ್ನಾಯುಗಳ ಬಲ 3ಕ್ಕಿಂತ ಕಡಿಮೆ. ಕ್ವಾಡ್ರಿಸೆಪ್ಸ್ (ತೊಡೆಯ ಮುಂಭಾಗದ ಸ್ನಾಯು) ಬಲ 5ಕ್ಕೆ ಎಡಗಾಲಲ್ಲಿ 3, ಬಲಗಾಲಲ್ಲಿ 2. ಪ್ಯಾರಲಲ್ ಬಾರ್ ಹಿಡಿದು ನಿಂತರೆ ಬಲ ಹಿಮ್ಮಡಿ ಮೇಲೇ ಇರುತ್ತೆ. ಮೊಣಕಾಲು ಒಮ್ಮೆ ಕುಸಿಯುತ್ತೆ, ಒಮ್ಮೆ ಹಿಂದಕ್ಕೆ ಬಾಗುತ್ತೆ. ಎರಡೂ ಕಾಲಿಗೆ ಉದ್ದ ಕ್ಯಾಲಿಪರ್ (ತೊಡೆಯಿಂದ ಪಾದದವರೆಗಿನ ಬ್ರೇಸ್) ಹಾಕಿಸಿ ವಾಕರ್ ಕೊಡಬಹುದಾ?

ನರ_ಪುನಶ್ಚೇತನ: ಎಡಗಾಲಿಗೆ ಬೇಡ. 3 ಇರುವ ಮೊಣಕಾಲನ್ನು ಲಾಕ್ ಮಾಡಿದರೆ ಆ ಸ್ನಾಯುವಿಗೆ ಕೆಲಸವೇ ಉಳಿಯಲ್ಲ. ಬಲಗಾಲಿಗೆ ಸದ್ಯ ಲಾಕ್ ಇರುವುದು ಹಾಕಿ.

ಮೊದಲು ಹಿಮ್ಮಡಿ ನೋಡಿ. ಪಾದವನ್ನು ನಿಧಾನಕ್ಕೆ ಮೇಲೆತ್ತಿದಾಗ ಪೂರ್ತಿ ಬಂದು, ಬೇಗ ಎತ್ತಿದಾಗ ಮಾತ್ರ ನಡುವೆ ತಡೆದರೆ ಅದು ಬಿಗಿತ, ಸ್ಪಾಸ್ಟಿಸಿಟಿ. ನಿಧಾನಕ್ಕೆ ಎತ್ತಿದರೂ ಬರದಿದ್ದರೆ ಮೀನಖಂಡ ಕುಗ್ಗಿದೆ. ಮೊಣಕಾಲು ಮಡಿಸಿದಾಗ ಪಾದ ಇನ್ನಷ್ಟು ಮೇಲೆ ಬಂದರೆ ಕುಗ್ಗಿರುವುದು ಮೀನಖಂಡದ ಹೊರಪದರದ ಸ್ನಾಯು, ಗ್ಯಾಸ್ಟ್ರೋಕ್ನಿಮಿಯಸ್. ಮಡಿಸಿದರೂ ಅಷ್ಟೇ ಇದ್ದರೆ ಅದರಡಿಯ ಸ್ನಾಯು ಸೋಲಿಯಸ್ ಅಥವಾ ಕೀಲು. ಕುಗ್ಗಿದ ಸ್ನಾಯು ಬಿಗಿತ ಇಳಿಸುವ ಮಾತ್ರೆಯಾದ ಬ್ಯಾಕ್ಲೋಫೆನ್‌ಗೆ ಬಗ್ಗಲ್ಲ. ಆ ಮಾತ್ರೆಯ ಡೋಸ್ ಜಾಸ್ತಿಯಾದರೆ ನಿಲ್ಲಲು ಆಸರೆಯಾಗಿದ್ದ ಬಿಗಿತವೂ ಹೋಗಿ ಮೊಣಕಾಲು ಇನ್ನಷ್ಟು ಕುಸಿಯುತ್ತೆ. ದಿಢೀರ್ ನಿಲ್ಲಿಸಲೂಬಾರದು, ಫಿಟ್ಸ್ ಬರಬಹುದು.

ಬಲಗಾಲಿಗೆ ಶಕ್ತಿ ಬರಲು ಕ್ಯಾಲಿಪರ್ ಬಿಚ್ಚಿ, ಎತ್ತರದ ಮಂಚದ ಅಂಚಿನಿಂದ ಎದ್ದು ನಿಲ್ಲಿಸಿ. ಎಡ ಪಾದ ಒಂದಿಷ್ಟು ಮುಂದೆ, ಬಲ ಪಾದ ಹಿಂದೆ. ಹಿಂದಿನ ಕಾಲಿಗೇ ಹೆಚ್ಚು ಭಾರ ಬೀಳುತ್ತೆ. ಮೊಣಕಾಲಿನ ಮುಂದೆ ನಿಮ್ಮ ಕೈ ಇರಲಿ. ಸಲೀಸಾದಂತೆ ಮಂಚವನ್ನು 2–3 ಸೆಂ.ಮೀ. ಇಳಿಸುತ್ತಾ ಬನ್ನಿ.

ಆರ್ಥೋಟಿಕ್ಸ್_ಬೆಂಚ್: ಮೊಣಕಾಲು ಹಿಂದಕ್ಕೆ ಹೋಗಲು ಈ ಹಿಮ್ಮಡಿಯೂ ಕಾರಣ. ಪಾದ 90 ಡಿಗ್ರಿಗೆ ಬರದಿದ್ದಾಗ ಬ್ರೇಸನ್ನು 90ಕ್ಕೇ ಮಾಡಿದರೆ ಒಳಗೆ ಹಿಮ್ಮಡಿ ಎದ್ದು ಚರ್ಮ ಉಜ್ಜುತ್ತೆ. ಬರುವಷ್ಟಕ್ಕೇ ಮಾಡಿ, ಉಳಿದ ಸಂದಿಗೆ ಹಿಮ್ಮಡಿಯಡಿ ವೆಡ್ಜ್ ಕೊಡಿ, ಚಲನೆ ಹೆಚ್ಚಿದಂತೆ ಅದನ್ನು ತೆಳುವಾಗಿಸಿ. ಎರಡೂ ಬದಿಯ ಲಾಕ್ ಬಿದ್ದಿದೆಯೇ ಎಂದು ಬೆರಳಿಟ್ಟು ನೋಡದೆ ನಿಲ್ಲಿಸಬೇಡಿ. ಮೊದಲ ದಿನ 15–20 ನಿಮಿಷ ಹಾಕಿ ತೆಗೆದು ಗಿಣ್ಣು, ಹಿಮ್ಮಡಿ, ಮೊಣಕಾಲಿನ ಹೊರಬದಿಯ ಮೂಳೆ ನೋಡಿ. ಅರ್ಧ ಗಂಟೆಯಾದರೂ ಕೆಂಪು ಮಾಯದಿದ್ದರೆ ಸರಿಪಡಿಸುವವರೆಗೆ ಹಾಕುವಂತಿಲ್ಲ.

ರಿಹ್ಯಾಬ್_ವೈದ್ಯೆ: ಬಿಗಿತ ಇದ್ದಕ್ಕಿದ್ದಂತೆ ಹೆಚ್ಚಿದರೆ ಮಾತ್ರೆ ಏರಿಸುವ ಮುಂಚೆ ಮೂತ್ರದ ಸೋಂಕು, ಮಲಬದ್ಧತೆ, ಒಳಬೆಳೆದ ಉಗುರು, ಒತ್ತಡದ ಹುಣ್ಣು ಹುಡುಕಿ. ಕಾಲು ಊದಿ ಬಿಸಿಯಾದರೆ ದಯವಿಟ್ಟು ತಿಕ್ಕಬೇಡಿ, ವ್ಯಾಯಾಮ ನಿಲ್ಲಿಸಿ ಅಂದೇ ತೋರಿಸಿ: ರಕ್ತ ಹೆಪ್ಪುಗಟ್ಟಿರಬಹುದು, ಸವೆದ ಮೂಳೆ ನೋವೇ ಇಲ್ಲದೆ ಮುರಿದಿರಬಹುದು. ಬಂದಿದ್ದ ಶಕ್ತಿ ಇಳಿಯತೊಡಗಿದರೆ ಅಥವಾ ಮರಗಟ್ಟುವಿಕೆ ಮೇಲಕ್ಕೆ ಹತ್ತಿದರೆ ಎಂಆರ್‌ಐ ಬೇಕು, ಹುರಿಯೊಳಗೆ ದ್ರವ ತುಂಬಿರಬಹುದು.

ಹೊಸ_ಫಿಸಿಯೋ: ಧನ್ಯವಾದ. ದೇಹದ ತೂಕ ಎತ್ತಿ ಹಿಡಿಯುವ ಟ್ರೆಡ್‌ಮಿಲ್ ನಮ್ಮಲ್ಲಿಲ್ಲ. ನಷ್ಟವೇ?

ನರ_ಪುನಶ್ಚೇತನ: ಕೊರಗಬೇಡಿ. ಅಪೂರ್ಣ ಗಾಯದವರಲ್ಲಿ ಅದನ್ನು ನೆಲದ ಮೇಲಿನ ನಡಿಗೆ ತರಬೇತಿಗೆ ಹೋಲಿಸಿದ ದೊಡ್ಡ ಪ್ರಯೋಗದ ಫಲಿತಾಂಶ 2006ರಲ್ಲೇ ಬಂತು; 6 ತಿಂಗಳಲ್ಲಿ ನಡಿಗೆಯ ವೇಗದಲ್ಲಿ ವ್ಯತ್ಯಾಸ ಕಾಣಲಿಲ್ಲ. ಎರಡೂ ಗುಂಪಿಗೆ ಸಿಕ್ಕಿದ್ದು ಹೆಜ್ಜೆಗಳ ಅಭ್ಯಾಸ. ಬಾರ್‌ನಲ್ಲೇ ಹೆಚ್ಚು ಹೆಜ್ಜೆ ಹಾಕಿಸಿ. ಕೈಗೆ ಭಾರ ಹಾಕಿ ಭುಜ ಕಿವಿಯತ್ತ ಏರಿತೆಂದರೆ ಕಾಲು ದಣಿದಿದೆ. ಆ ಸುತ್ತು ಅಲ್ಲಿಗೇ ಬಿಟ್ಟು ಕೂರಿಸಿ. ವಾಕರ್ ಆಮೇಲೆ, ಎಡಗಾಲ ಮೇಲೆ ಭಾರ ಹೊತ್ತು ಬಲಗಾಲನ್ನು ಎತ್ತಿಡಲು ಬಂದಾಗ.