ಇಂಡೋನೇಷ್ಯಾ ಟೀವಿಯಲ್ಲಿ ಈಜುಗಾರ್ತಿಗೆ ಮಂಜು ಯಾಕೆ?

ಪ್ರಶ್ನೆ:
ಜಕಾರ್ತಾಕ್ಕೆ ಬಂದು ಎಂಟು ತಿಂಗಳಾಯಿತು. ಮೊನ್ನೆ ಪಕ್ಕದ ಮನೆಯ ಇಬು ಜೊತೆ ಕೂತು ಈಜು ಸ್ಪರ್ಧೆ ನೋಡುತ್ತಿದ್ದೆ. ಇಬು ಅಂದರೆ ನಮ್ಮಲ್ಲಿ ಅಮ್ಮ ಅಂತಾರಲ್ಲ, ಹಾಗೆ. ನೀರಿಂದ ಮೇಲೆ ಬಂದ ಹುಡುಗಿಗೆ ಕತ್ತಿನಿಂದ ಕೆಳಗೆಲ್ಲಾ ಮಂಜು, ಅಂದರೆ ಮೈ ಕಾಣದಂತೆ ಚಿತ್ರವನ್ನು ಮಸುಕು ಮಾಡಿದ್ದರು. ಕ್ಯಾಮೆರಾ ತಿರುಗಿದಂತೆ ಮಂಜೂ ಅವಳ ಹಿಂದೆಯೇ ಓಡುತ್ತಿತ್ತು. ಇಬು ಕಡಲೆಕಾಯಿ ಸುಲಿಯುತ್ತಾ, "ನಮ್ಮ ವಯಸ್ಸಲ್ಲಿ ಥಿಯೇಟರಲ್ಲಿ ಏನೇನು ನೋಡಿದ್ದೀವಿ ಗೊತ್ತಾ" ಅಂತ ನಕ್ಕರು. ಆಗ ಸರ್ವಾಧಿಕಾರಿ ಸುಹಾರ್ತೋ ಆಳುತ್ತಿದ್ದ ಕಾಲ, ಬಿಗಿ ಜಾಸ್ತಿ ಇರಬೇಕಿತ್ತಲ್ವಾ?

ಉತ್ತರ 1:
ಬಿಗಿ ಇತ್ತು, ಬೇರೆ ಕಡೆ. ಆಗ ಸೆನ್ಸಾರ್ ಕತ್ತರಿಯ ಕಣ್ಣು ರಾಜಕೀಯದ ಮೇಲೆ. 1965ರ ಕ್ಷಿಪ್ರಕ್ರಾಂತಿ ಯತ್ನದ ಬಗ್ಗೆ ಸರ್ಕಾರವೇ ತೆಗೆಸಿದ ಸಿನಿಮಾವನ್ನು ಪ್ರತಿ ಸೆಪ್ಟೆಂಬರ್ 30ಕ್ಕೆ ಟೀವಿಯಲ್ಲಿ ಹಾಕುತ್ತಿದ್ದರು, ಶಾಲೆ ಮಕ್ಕಳೂ ನೋಡಲೇಬೇಕಿತ್ತು. ಅದೇ ಹೊತ್ತಿಗೆ ಥಿಯೇಟರಲ್ಲಿ ದೆವ್ವ, ಮೈಮಾಟದ ಸಿನಿಮಾಗಳು ಆರಾಮಾಗಿ ಓಡುತ್ತಿದ್ದವು.

1998ರಲ್ಲಿ ಸುಹಾರ್ತೋ ಇಳಿದರು. ಆಮೇಲೆ ಕತ್ತರಿ ಕಂಡಕಂಡವರ ಕೈಗೆ ಬಂತು. 2003ರ 'ಅರಿಸಾನ್!' ಸಿನಿಮಾದಲ್ಲಿ ಇಬ್ಬರು ಗಂಡಸರು ಮುತ್ತು ಕೊಡುತ್ತಾರೆ, ಅದು ನಡೆದುಹೋಯಿತು. ಮರುವರ್ಷ 'ಬುರುವಾನ್ ಚಿಯುಮ್ ಗುವೆ', ಅಂದರೆ 'ಬೇಗ ಮುತ್ತು ಕೊಡು', ಅಂತ ಹದಿಹರೆಯದವರ ಸಿನಿಮಾ ಬಂತು. ಸೆನ್ಸಾರ್ ಪಾಸಾಗಿತ್ತು. ಧರ್ಮಗುರುಗಳು ಹೆಸರಿಗೇ ಸಿಟ್ಟಾದರು. ಥಿಯೇಟರಿಂದ ಇಳಿಸಿ, ಕತ್ತರಿಸಿ, ಬೇರೆ ಹೆಸರಲ್ಲಿ ಮತ್ತೆ ಬಿಟ್ಟರು. 2008ರಲ್ಲಿ ಅಶ್ಲೀಲತೆ ವಿರುದ್ಧ ಕಾನೂನೂ ಬಂತು.

ಉತ್ತರ 2:
ಮಂಜಿನ ಕತೆ ಇನ್ನೂ ತಮಾಷೆ. ಸ್ಪಾಂಜ್‌ಬಾಬ್ ಕಾರ್ಟೂನಿನ ಅಳಿಲಿಗೂ ಹಾಕಿದ್ದರು, ಈಜುಡುಗೆ ತೊಟ್ಟಿತ್ತು ಅಂತ! ಪ್ರಸಾರ ಆಯೋಗ "ನಾವು ಹೇಳಿಲ್ಲ" ಅಂತು. ಯಾರಾದರೂ ದೂರು ಕೊಟ್ಟಾರು ಅಂತ ಚಾನೆಲ್‌ನವರೇ ಹೆದರಿ ಹಾಕುವುದು.

ಉತ್ತರ 3:
ನಿರ್ದೇಶಕ ಗರಿನ್ ನುಗ್ರೋಹೊ ಅವರ 'ಕುಚುಂಬು ತುಬುಹ್ ಇಂಡಾಹ್‌ಕು' ಸಿನಿಮಾ ಸಿಕ್ಕರೆ ನೋಡಿ. ಜಾವಾ ದ್ವೀಪದ ಬನ್ಯುಮಾಸ್ ಕಡೆ ಗಂಡಸರು ಹೆಣ್ಣು ವೇಷ ಹಾಕಿ ಲೆಂಗ್ಗೆರ್ ಅನ್ನೋ ಕುಣಿತ ಕುಣಿಯುತ್ತಾರೆ, ಅಂಥ ಒಬ್ಬರ ಕತೆ. ನಾನು ಉಡುಪಿಯವನು, ಸ್ತ್ರೀವೇಷ ನೋಡಿಯೇ ಬೆಳೆದವನು, ನನಗೇನೂ ವಿಚಿತ್ರ ಅನ್ನಿಸಲಿಲ್ಲ. ಇದನ್ನೂ ಸೆನ್ಸಾರ್ ಮಂಡಳಿ ಪಾಸ್ ಮಾಡಿತ್ತು. ಆದರೂ 2019ರಲ್ಲಿ ನಿಮ್ಮ ಪಕ್ಕದ ಡೆಪೊಕ್ ಸೇರಿ ಕೆಲವು ಊರುಗಳ ಆಡಳಿತ ತಡೆಯಿತು. ಅದೇ ವರ್ಷ ದೇಶದ ಚಿತ್ರೋತ್ಸವದಲ್ಲಿ ಅದಕ್ಕೇ ಅತ್ಯುತ್ತಮ ಚಿತ್ರ ಪ್ರಶಸ್ತಿ, ಆಸ್ಕರ್‌ಗೂ ಅದನ್ನೇ ಕಳಿಸಿದರು.

ಪ್ರಶ್ನೆ ಕೇಳಿದವಳು:
ನಮ್ಮ ಇಬು ಬನ್ಯುಮಾಸ್‌ನವರೇ! ಅವರ ಮದುವೆಯಲ್ಲಿ ಲೆಂಗ್ಗೆರ್ ಕುಣಿಸಿದ್ದರಂತೆ. ಸಿನಿಮಾ ನೋಡಿದ್ರಾ ಅಂತ ಕೇಳಿದೆ. ಇಡೀ ದೇಶದಲ್ಲೇ ಬ್ಯಾನ್ ಅಂದುಕೊಂಡು ಸುಮ್ನೆ ಇದ್ದರಂತೆ. ಭಾನುವಾರ ಇಬ್ಬರೂ ಹುಡುಕಿ ನೋಡುತ್ತೇವೆ.